ದಾದಿಯರ ಹಾಸ್ಟೆಲಿಗೆ ಬಂದ ಟಪಾಲು

ಅವಳ ನಿಜವಾದ ಹೆಸರು ನಮ್ಮಲ್ಲಿ ಹೆಚ್ಚಿನವರಿಗೆ ಗೊತ್ತಾದದ್ದೇ ಕೋರ್ಟಿನಲ್ಲಿ, ಜವಾನ ಬಾಗಿಲ ಬಳಿ ನಿಂತು ಮೂರು ಸಲ ಕೂಗಿದಾಗ. ಅಲ್ಲಿಯವರೆಗೂ ಅವಳು ನಮಗೆ ಟಪಾಲಕ್ಕ. ಆಮೇಲೂ ಟಪಾಲಕ್ಕನೇ. ಕೂಗಿದ ಹೆಸರು ಬೇರೆ ಯಾರದೋ ಅನ್ನಿಸಿ ನಾವೆಲ್ಲ ಹಿಂದೆ ತಿರುಗಿ ನೋಡಿದ್ದೆವು.

ಕುಳ್ಳಗಿನ ಹೆಂಗಸು. ಎಡಭುಜ ಬಲಭುಜಕ್ಕಿಂತ ಎರಡು ಬೆರಳು ತಗ್ಗು. ಹದಿನೆಂಟು ವರ್ಷ ಟಪಾಲು ಚೀಲ ಹೊತ್ತ ಗುರುತು ಅದು. ನಾನು ಹೊಲಿಗೆಯವಳು, ಇಂಥದ್ದೇ ನನ್ನ ಕಣ್ಣಿಗೆ ಮೊದಲು ಬೀಳುವುದು. ಮಾತು ಕಡಿಮೆ. ನಡಿಗೆ ಮಾತ್ರ ಜೋರು, ಬೂಟಿನ ಸದ್ದಿನಿಂದಲೇ ಬೀದಿಗೆ ಅವಳು ಬಂದದ್ದು ತಿಳಿಯುತ್ತಿತ್ತು. ಅವಳು ಯಾವ ಸಂಘಕ್ಕೂ ಸೇರಿದವಳಲ್ಲ, ಒಂದು ದಿನವೂ ಘೋಷಣೆ ಕೂಗಿದವಳಲ್ಲ. ಆದರೂ ನಮ್ಮ ಕಟ್ಟಡದ ಕಥೆ ಹೇಳಬೇಕೆಂದರೆ ಅವಳ ಕಥೆಯನ್ನೇ ಹೇಳಬೇಕು.

ಆ ವರ್ಷ ಬಂದರಿನ ಹಿಂದಿನ ವಠಾರಗಳನ್ನು ಅಗಲ ರಸ್ತೆಗೆಂದು ಸಾಲುಸಾಲಾಗಿ ಕೆಡವಿದ್ದರು. ಒಂದು ಕೋಣೆ ಬಾಡಿಗೆಗಿದೆ ಎಂದು ಬೋರ್ಡು ಬಿದ್ದರೆ ಬೆಳಗಾಗುವುದರೊಳಗೆ ಮೂವತ್ತು ಜನ ಬಾಗಿಲಲ್ಲಿ ಸೇರುತ್ತಿದ್ದರು. ನಾನು, ನನ್ನ ತಂಗಿ, ಅವಳ ಹಸುಗೂಸು, ನನ್ನ ಹೊಲಿಗೆ ಮೆಷಿನ್ನು, ಇಷ್ಟೂ ಎರಡು ತಿಂಗಳು ಒಂದು ಲಾರಿ ಶೆಡ್ಡಿನಲ್ಲಿದ್ದೆವು. ಮಗುವಿನ ಬಟ್ಟೆಯಿಂದ ಹಿಡಿದು ನನ್ನ ಗಿರಾಕಿಗಳ ಬಟ್ಟೆಯವರೆಗೆ ಎಲ್ಲಕ್ಕೂ ಡೀಸೆಲ್ ವಾಸನೆ. ಅದೇ ಹೊತ್ತಿಗೆ ಊರಿನಲ್ಲಿ ಎಷ್ಟೋ ಕಟ್ಟಡಗಳು, ಬೆಲೆ ಏರಲಿ ಎಂದು ಕಾಯುತ್ತ, ಬೀಗ ಹಾಕಿಸಿಕೊಂಡು ಧೂಳು ತಿನ್ನುತ್ತ ನಿಂತಿದ್ದವು.

ಹೀಗೆ ಹುಟ್ಟಿದ್ದು ಸೂರು ಸಮಿತಿ. ಬಸ್ ಡ್ರೈವರುಗಳು, ಆಸ್ಪತ್ರೆಯಲ್ಲಿ ಬಟ್ಟೆ ಒಗೆಯುವವರು, ಹೋಟೆಲ್ ಕೆಲಸದವರು, ನನ್ನಂಥವರು. ಒಂದೇ ವರ್ಷದಲ್ಲಿ ಹನ್ನೊಂದು ಖಾಲಿ ಕಟ್ಟಡಗಳೊಳಗೆ ಹೊಕ್ಕೆವು. ಪತ್ರಿಕೆಗಳು ನಮ್ಮನ್ನು ಅತಿಕ್ರಮಣಕಾರರು ಎಂದವು. ನಾವು, ‘ಬಾಡಿಗೆದಾರರೇ ಸ್ವಾಮಿ, ಬಾಡಿಗೆ ಇಸ್ಕೊಳ್ಳೋರು ಇನ್ನೂ ಸಿಕ್ಕಿಲ್ಲ ಅಷ್ಟೇ’ ಎನ್ನುತ್ತಿದ್ದೆವು. ನಗೆ ಬಹಳ ದಿನ ಉಳಿಯಲಿಲ್ಲ. ಹನ್ನೊಂದರಲ್ಲಿ ಏಳನ್ನು ಪೊಲೀಸರು ವಾರದೊಳಗೆ ಖಾಲಿ ಮಾಡಿಸಿದರು. ‘ಇಲ್ಲಿ ಯಾರೂ ವಾಸವಿರಲಿಲ್ಲ, ನಿನ್ನೆ ನುಗ್ಗಿದವರು ಇವರು’ ಎಂದರೆ ಮುಗಿಯಿತು, ಅದನ್ನು ಸುಳ್ಳೆಂದು ತೋರಿಸಲು ನಮ್ಮ ಕೈಯಲ್ಲಿ ಒಂದು ಚೂರು ಕಾಗದವಿರಲಿಲ್ಲ.

ಎಂಟನೆಯದು ದಾದಿಯರ ಹಳೆಯ ಹಾಸ್ಟೆಲು. ಆರು ವರ್ಷದಿಂದ ಖಾಲಿ. ಅದನ್ನು ಕೊಂಡ ಕಂಪನಿಗೆ ಅಲ್ಲೊಂದು ದೊಡ್ಡ ಹೋಟೆಲು ಕಟ್ಟುವ ಯೋಚನೆಯಿತ್ತು. ಒಂದು ಗುರುವಾರ ಬೆಳಿಗ್ಗೆ ಹತ್ತು ಗಂಟೆಗೆ, ಹಾಸಿಗೆ ಪಾತ್ರೆ ಹೊತ್ತು, ಎಲ್ಲರೂ ನೋಡುತ್ತಿರುವಂತೆಯೇ ನಾವು ಒಳಗೆ ಹೋದೆವು. ಮೂರು ಮಹಡಿ, ಮೂವತ್ತೆಂಟು ಕೋಣೆ. ಪ್ರತಿ ಕೋಣೆಯಲ್ಲೂ ಒಂದು ಕಬ್ಬಿಣದ ಮಂಚ, ಗೋಡೆಗೆ ಕನ್ನಡಿ ತೂಗಿದ್ದ ಮೊಳೆ. ನನಗೂ ತಂಗಿಗೂ ಹತ್ತನೇ ಕೋಣೆ ಬಂತು. ಪಕ್ಕದ ಒಂಬತ್ತರಲ್ಲಿ ಒಬ್ಬ ಮುದುಕ ಮತ್ತು ಅವನ ಹೆಂಡತಿ. ಅಂಗಡಿಗಳಿಗೆ ಬೋರ್ಡು ಬರೆಯುವುದು ಅವನ ಕಸುಬು, ಹಾಗಾಗಿ ಬೋರ್ಡಜ್ಜ. ಅವನ ಹೆಂಡತಿ ಎಲ್ಲರಿಗೂ ಅಜ್ಜಿ.

ನಮ್ಮ ವಕೀಲೆ, ನಾವು ವಕೀಲಮ್ಮ ಎನ್ನುತ್ತಿದ್ದವರು, ಮೊದಲ ಸಂಜೆಯೇ ಎಲ್ಲರನ್ನೂ ಮೆಟ್ಟಿಲ ಮೇಲೆ ಕೂರಿಸಿ ಹೇಳಿದರು: ‘ಮೂವತ್ತು ದಿನ ಬಹಿರಂಗವಾಗಿ ವಾಸ ಮಾಡಿದ್ದೀವಿ ಅಂತ ತೋರಿಸಿದ್ರೆ, ಕೋರ್ಟಲ್ಲಿ ಪೂರ್ತಿ ಕೇಸು ನಡೆಸದೆ ನಿಮ್ಮನ್ನ ಎಬ್ಬಿಸೋ ಹಾಗಿಲ್ಲ. ತೋರಿಸೋದು ಹೇಗೆ? ರಿಜಿಸ್ಟರ್ ಟಪಾಲು. ಈ ವಿಳಾಸಕ್ಕೆ ಬರ್ಬೇಕು, ನೀವು ಸಹಿ ಹಾಕಿ ತಗೋಬೇಕು, ತಾರೀಕು ಬೀಳ್ಬೇಕು.’

‘ನಮಗೆ ಯಾರಮ್ಮಾ ಕಾಗದ ಬರೀತಾರೆ?’ ಎಂದಳು ಅಜ್ಜಿ.

‘ನಿಮಗೆ ನೀವೇ ಬರ್ಕೊಳ್ಳಿ.’

ಅಂದು ಇಡೀ ಕಟ್ಟಡ ಕೂತು ಕಾಗದ ಬರೆಯಿತು. ಪ್ರತಿ ಕೋಣೆಗೆ ಐದೈದು, ಒಂದೊಂದು ಒಂದೊಂದು ವಾರಕ್ಕೆ. ವಕೀಲಮ್ಮ ಎಲ್ಲವನ್ನೂ ಒಯ್ದು ದಿನ ನೋಡಿ ಹೊರಗಿನಿಂದ ಹಾಕುವುದೆಂದು ಏರ್ಪಾಡಾಯಿತು. ಬರೆಯಲು ಬಾರದವರಿಗೆ ಬೋರ್ಡಜ್ಜನೇ ವಿಳಾಸ ಬರೆದುಕೊಟ್ಟ, ಅಂಗಡಿ ಬೋರ್ಡಿನಂತೆ ದುಂಡಗೆ, ನೆರಳು ಕೊಟ್ಟು. ಮರುದಿನ ಗೇಟಿನ ಕಂಬದ ಮೇಲೆ ನೀಲಿ ಬಣ್ಣದಲ್ಲಿ ‘ಹಳೇ ದಾದಿಯರ ಹಾಸ್ಟೆಲ್, ವಾಸದ ಕೋಣೆಗಳು 1ರಿಂದ 38’ ಎಂದೂ ಬರೆದ.

ಮೂರನೇ ದಿನ ಬೆಳಿಗ್ಗೆ ಬೂಟಿನ ಸದ್ದು ಕೇಳಿಸಿತು. ಗೇಟಿನ ಹೊರಗೆ ಕಂಪನಿಯ ಕಾವಲುಗಾರ ಸ್ಟೂಲು ಹಾಕಿಕೊಂಡು ಕೂತಿದ್ದ.

‘ಇಲ್ಲಿ ಯಾರೂ ಇಲ್ಲಮ್ಮ, ವಾಪಸ್ ತಗೊಂಡು ಹೋಗು,’ ಎಂದ.

ಟಪಾಲಕ್ಕ ತಲೆಯೆತ್ತಿ ನೋಡಿದಳು. ಮಹಡಿಯ ಕಂಬಿಗಳ ಮೇಲೆ ಮಗುವಿನ ಬಟ್ಟೆ ಒಣಗುತ್ತಿತ್ತು. ಇಪ್ಪತ್ತು ಮೂವತ್ತು ತಲೆಗಳು ಕೆಳಗೆ ಬಗ್ಗಿ ಅವಳನ್ನೇ ನೋಡುತ್ತಿದ್ದವು.

‘ಯಾರೂ ಇಲ್ಲ ಅಂತ ನಿಮ್ಮ ಹೆಸರು ಹಾಕಿ ಬರೆದುಕೊಡಿ ಅಣ್ಣ,’ ಎಂದಳು. ‘ನಾನು ಅದನ್ನೇ ಲಗತ್ತಿಸಿ ವಾಪಸ್ ಕಳಿಸ್ತೀನಿ.’

ಕಾವಲುಗಾರ ಎದ್ದು ಸ್ಟೂಲು ಪಕ್ಕಕ್ಕೆ ಎಳೆದುಕೊಂಡ. ಅವಳು ಒಳಗೆ ಬಂದು ಮೂವತ್ತೆಂಟು ಬಾಗಿಲು ತಟ್ಟಿದಳು. ಕಾಗದ ಕೊಡುವ ಮೊದಲು ಎಲ್ಲರಿಗೂ ಒಂದೇ ಪ್ರಶ್ನೆ: ‘ಹೆಸರೇನು? ನೀವೇನಾ?’ ನಾನು ಸಂತೋಷಕ್ಕೆ ಟೀ ಕುಡಿಯಿರಿ ಎಂದೆ. ‘ಬೇಡ,’ ಎಂದಳು, ಅಷ್ಟೇ. ಅಹಂಕಾರ ಎಂದುಕೊಂಡೆ.

ಅಂದು ಅಂಚೆ ಕಚೇರಿಯಲ್ಲಿ ಆದದ್ದನ್ನು ಅವಳು ಎಷ್ಟೋ ವರ್ಷಗಳ ಮೇಲೆ ನನಗೆ ಹೇಳಿದಳು. ಪೋಸ್ಟ್‌ಮಾಸ್ಟರು ಕರೆದು ಮೆಲ್ಲಗೆ ಕೇಳಿದರಂತೆ, ‘ಏನಮ್ಮಾ, ಆ ಖಾಲಿ ಕಟ್ಟಡಕ್ಕೆ ಟಪಾಲು ಕೊಟ್ಟೆಯಂತೆ? ವಿಳಾಸದಾರರು ಇಲ್ಲ ಅಂತ ಮೊಹರು ಒತ್ತಿ ಬಿಡೋದಲ್ವಾ?’

‘ಇದ್ದಾರಲ್ಲ ಸಾರ್.’

‘ಇದ್ದಾರೆ ಅಂತ ನನಗೂ ಗೊತ್ತು. ಮೇಲಿನಿಂದ ಫೋನ್ ಬಂದಿದೆ. ನೀನಿರೋದು ಕ್ವಾರ್ಟರ್ಸಲ್ಲಿ ಅನ್ನೋದು ನೆನಪಿರಲಿ.’

ಅದು ಅವಳ ಎದೆಗೆ ನಾಟುವ ಮಾತು. ಕಚೇರಿಯ ಹಿಂದಿನ ಎರಡು ಕೋಣೆಯ ಮನೆ ಅವಳಿಗೆ ಸಿಕ್ಕಿದ್ದು ನೌಕರಿಯಿಂದ. ನೌಕರಿ ಹೋದರೆ ಮನೆಯೂ ಹೋಯಿತು. ಗಂಡ ಅಚ್ಚುಮೊಳೆ ಜೋಡಿಸುತ್ತಿದ್ದವನು, ಪ್ರೆಸ್ಸು ಮುಚ್ಚಿ ಮನೆಯಲ್ಲಿ ಅಡುಗೆ ನೋಡಿಕೊಳ್ಳುತ್ತಿದ್ದ. ಜೊತೆಗೆ ಅತ್ತೆ. ಹಾಸಿಗೆ ಹಿಡಿದಿದ್ದರೂ ಅತ್ತೆಯ ನಾಲಿಗೆಗೆ ಯಾವ ಕಾಯಿಲೆಯೂ ತಟ್ಟಿರಲಿಲ್ಲ. ಸೊಸೆ ಸಂಜೆ ಬೂಟು ಬಿಚ್ಚುತ್ತ ವಿಷಯ ಹೇಳಿದಾಗ, ‘ನಾಳೆ ನಮ್ಮ ಟ್ರಂಕು ಬೀದೀಲಿ ಬಿದ್ರೆ, ಆ ಟ್ರಂಕಿಗೂ ಯಾರಾದ್ರೂ ರಿಜಿಸ್ಟರ್ ಟಪಾಲು ಹಾಕ್ತಾರೇನೇ?’ ಎಂದಳಂತೆ.

ಗಂಡ ಪಾತ್ರೆ ತೊಳೆಯುತ್ತಿದ್ದವನು ತಿರುಗದೆಯೇ ಕೇಳಿದ, ‘ಒಂದು ಮೊಹರು ಒತ್ತೋದು ಅಷ್ಟು ಕಷ್ಟನಾ?’

‘ಇದ್ದೋರನ್ನ ಇಲ್ಲ ಅಂತ ಹೆಂಗ್ರೀ ಬರೆಯೋದು?’ ಎಂದಳಂತೆ ಟಪಾಲಕ್ಕ. ಆ ಮನೆಯಲ್ಲಿ ಆ ಮಾತು ಅಲ್ಲಿಗೆ ನಿಂತಿತು.

ಹನ್ನೊಂದನೇ ದಿನ ಪೊಲೀಸರು ಬಂದರು. ಒಳಗೆ ನುಗ್ಗಲಿಲ್ಲ, ಗೇಟಿನ ಎದುರು ಎರಡು ವ್ಯಾನು ಅಡ್ಡ ನಿಲ್ಲಿಸಿದರು. ಸಬ್ ಇನ್ಸ್‌ಪೆಕ್ಟರ್ ಮೈಕಿನಲ್ಲಿ ಹೇಳಿದ: ಹೊರಗೆ ಹೋಗುವವರು ಹೋಗಬಹುದು, ಹೋದವರು ಮತ್ತೆ ಒಳಗೆ ಬರುವಂತಿಲ್ಲ, ಒಳಗೆ ಜನವೂ ಹೋಗುವಂತಿಲ್ಲ, ಸಾಮಾನೂ ಹೋಗುವಂತಿಲ್ಲ. ಮಧ್ಯಾಹ್ನದ ಹೊತ್ತಿಗೆ ನಲ್ಲಿಯ ನೀರು ನಿಂತಿತು. ಹಿತ್ತಲಲ್ಲಿ ಒಂದು ಹಳೆಯ ಕೈಪಂಪು ಇದ್ದುದರಿಂದ ಬದುಕಿಕೊಂಡೆವು. ಕಿರ್ರೋ ಎಂದು ಅದು ದಿನವಿಡೀ ಕೂಗುತ್ತಿತ್ತು, ನೀರು ಕೆಂಪಗೆ ಬರುತ್ತಿತ್ತು, ಬಟ್ಟೆಯಲ್ಲಿ ಸೋಸಿ ಕಾಯಿಸಿ ಕುಡಿಯುತ್ತಿದ್ದೆವು.

ಮಾರನೇ ದಿನ ಬೆಳಿಗ್ಗೆ ನಾವೆಲ್ಲ ಕಿಟಕಿಗಳಲ್ಲಿ ನಿಂತಿದ್ದೆವು. ಬೂಟಿನ ಸದ್ದು ಬಂತು. ವ್ಯಾನಿನ ಹತ್ತಿರ ನಿಂತಿತು.

‘ಎಲ್ಲಿಗೆ?’ ಎಂದ ಸಬ್ ಇನ್ಸ್‌ಪೆಕ್ಟರ್.

‘ಟಪಾಲು ಸಾರ್.’

‘ಕೊಡು, ನಾವು ಕೊಡ್ತೀವಿ.’

‘ಕೈಗೇ ಕೊಟ್ಟು ಸಹಿ ತಗೋಬೇಕು. ನೀವು ತಡೀಬೇಕು ಅಂತಿದ್ರೆ ತಡೀರಿ ಸಾರ್, ತಡೆದವರ ಹೆಸರು, ನಂಬರು, ಹೊತ್ತು ಬರ್ಕೊಳ್ಳೋಕೆ ಇದರಲ್ಲೊಂದು ಪುಟ ಇದೆ.’ ಪುಸ್ತಕ ತೆರೆದು ಪೆನ್ನು ಹಿಡಿದು ನಿಂತಳು. ಅವನು ಅವಳ ಮುಖವನ್ನೂ ಆ ಖಾಲಿ ಪುಟವನ್ನೂ ನೋಡಿ, ಚೀಲ ಸುರಿಸಿ, ಒಳಗೆ ಕಾಗದ ಬಿಟ್ಟು ಬೇರೇನೂ ಇಲ್ಲವೆಂದು ಖಾತ್ರಿ ಮಾಡಿಕೊಂಡು ಒಳಗೆ ಬಿಟ್ಟ. ಅಂದಿನಿಂದ ಆ ಗೇಟಿನಲ್ಲಿ ಹೋಗಿ ಬರುವ ಒಂದೇ ಜೀವ ಅವಳು.

ಹದಿನಾಲ್ಕನೇ ದಿನ ಮಗುವಿನ ಹಾಲಿನ ಪುಡಿ ಮುಗಿಯಿತು. ತಂಗಿಗೆ ಜ್ವರ ಬಂದು ಎದೆಹಾಲು ಬತ್ತಿತ್ತು. ಟಪಾಲಕ್ಕ ಬಂದಾಗ ತಂಗಿ ಅವಳ ಕೋಟಿನ ಅಂಚು ಹಿಡಿದುಕೊಂಡಳು.

‘ಅಕ್ಕಾ, ಒಂದೇ ಒಂದು ಡಬ್ಬಿ. ಚೀಲದ ತಳದಲ್ಲಿ ಹಾಕ್ಕೊಂಡು ಬನ್ನಿ. ನಿಮ್ಮ ಕಾಲು ಹಿಡೀತೀನಿ.’

‘ಆಗಲ್ಲ.’

‘ಮಗು ಅಕ್ಕಾ ಅದು!’

‘ಕಾಣ್ತಿದೆಯಮ್ಮ. ಈ ಚೀಲದಲ್ಲಿ ಟಪಾಲು ಬಿಟ್ಟು ಬೇರೇನೂ ಬರಲ್ಲ. ಒಂದು ಸಲ ಸಿಕ್ಕಿಬಿದ್ರೆ ನಾಳೆಯಿಂದ ನಾನೂ ಬರಲ್ಲ.’

ನನಗೆ ಮೈಯೆಲ್ಲ ಉರಿಯಿತು. ‘ಕಲ್ಲು ಕಣ್ರೀ ನೀವು,’ ಎಂದು ಮುಖಕ್ಕೇ ಅಂದೆ. ಮೆಟ್ಟಿಲ ಮೇಲಿದ್ದವರೂ ದನಿಗೂಡಿಸಿದರು. ಅವಳು ಕೋಟಿನ ಅಂಚನ್ನು ತಂಗಿಯ ಕೈಯಿಂದ ಬಿಡಿಸಿಕೊಂಡು ಎರಡು ಮೆಟ್ಟಿಲು ಇಳಿದವಳು ನಿಂತು, ಯಾರನ್ನೂ ನೋಡದೆ ಹೇಳಿದಳು: ‘ಪಾರ್ಸೆಲ್ ಕೌಂಟರು ಹತ್ತರಿಂದ ನಾಲ್ಕರವರೆಗೆ ತೆರೆದಿರುತ್ತೆ.’

ಇಳಿದು ಹೋದಳು. ಇದೆಂಥ ಮಾತು ಎಂದು ನಾನು ಇನ್ನೂ ಬೈಯುತ್ತಲೇ ಇದ್ದೆ. ಅರ್ಥವಾದದ್ದು ಬೋರ್ಡಜ್ಜನಿಗೆ. ‘ಏಯ್ ಹುಚ್ಚಿ, ಅವಳು ದಾರಿ ತೋರಿಸಿ ಹೋದ್ಲು!’ ಎಂದವನೇ ಒಂದು ಹಾಸಿಗೆ ಬಟ್ಟೆ ಹರವಿ, ಉಳಿದ ನೀಲಿ ಬಣ್ಣದಲ್ಲಿ ‘ಹಾಲಿನ ಪುಡಿ, ಜ್ವರದ ಮಾತ್ರೆ, ಬ್ರೆಡ್ಡು. ಪಾರ್ಸೆಲ್ ಮಾಡಿ’ ಎಂದು ಬರೆದು ತಾರಸಿಯಿಂದ ಬೀದಿಯ ಕಡೆಗೆ ಇಳಿಬಿಟ್ಟ.

ಮರುದಿನ ಅವಳು ಚೀಲವಲ್ಲದೆ ಒಂದು ಕೈಗಾಡಿಯನ್ನೂ ತಳ್ಳಿಕೊಂಡು ಬಂದಳು. ಇಪ್ಪತ್ತಾರು ಪಾರ್ಸೆಲ್ಲು, ಎಲ್ಲಕ್ಕೂ ಬಟ್ಟೆ ಹೊಲಿದು, ಅರಗಿನ ಮುದ್ರೆ ಒತ್ತಿ, ಸ್ಟಾಂಪು ಹಚ್ಚಿದ್ದರು. ಸಬ್ ಇನ್ಸ್‌ಪೆಕ್ಟರ್ ಒಂದನ್ನು ಎತ್ತಿ ಕಿವಿಯ ಹತ್ತಿರ ಅಲ್ಲಾಡಿಸಿದ.

‘ಇದರೊಳಗೇನಿದೆ?’

‘ಗೊತ್ತಿಲ್ಲ ಸಾರ್.’

‘ನಾನು ಒಡೀತೀನಿ.’

‘ಒಡೀರಿ ಸಾರ್. ಮುದ್ರೆ ಒಡೆದದ್ದು ನಾನು ಅಂತ ಮಾತ್ರ ಮೊದಲು ಬರೆದುಕೊಡಿ. ಇಲ್ಲಾಂದ್ರೆ ಆ ಅಪವಾದ ನನ್ನ ತಲೆಗೆ ಬರುತ್ತೆ.’

ಅವನು ಚಾಕು ತೆಗೆದ. ಬೀದಿಯ ಆ ಬದಿಯಲ್ಲಿ ಜನ ಸೇರಿದ್ದರು, ಇಬ್ಬರು ಪತ್ರಿಕೆಯವರೂ ಇದ್ದರು. ಚಾಕು ಹೊಲಿಗೆಯ ಮೇಲೆ ನಿಂತಿತು. ಪಂಪು ಹೊಡೆಯುತ್ತಿದ್ದವರೂ ಕೈ ಬಿಟ್ಟು ಬಂದಿದ್ದರು. ಅವನು ಒಂದು ಕ್ಷಣ ಅವಳ ಪುಸ್ತಕವನ್ನೇ ದಿಟ್ಟಿಸಿ, ಚಾಕು ಮಡಚಿ, ಪಾರ್ಸೆಲನ್ನು ಗಾಡಿಗೆ ಎಸೆದ. ‘ಹೋಗು, ಹೋಗು,’ ಎಂದ, ನೊಣ ಓಡಿಸುವವನಂತೆ.

ಹತ್ತನೇ ಕೋಣೆಯ ಪಾರ್ಸೆಲಿಗೆ ಸಹಿ ಹಾಕುವಾಗ ನಾನು ತಲೆಯೆತ್ತಲಿಲ್ಲ. ‘ತಾರೀಕು ಸರಿಯಾಗಿ ಹಾಕಿ,’ ಎಂದಳು, ಅಷ್ಟೇ.

ಹಸಿವು ತಪ್ಪಿತು. ಆದರೆ ಹತ್ತೊಂಬತ್ತನೇ ದಿನ ಬೆಳಿಗ್ಗೆ ಬೋರ್ಡಜ್ಜನಿಗೆ ಎದೆನೋವು ಬಂತು. ಹಾಸ್ಟೆಲಿನಲ್ಲಿ ಆಸ್ಪತ್ರೆಯಲ್ಲಿ ದುಡಿಯುವವರಿದ್ದರು, ನೋಡಿದವರೇ ಹೊರಗೆ ಕರೆದೊಯ್ಯಬೇಕು ಎಂದರು. ಮುದುಕ ಮಂಚದ ಕಂಬಿ ಹಿಡಿದುಕೊಂಡ. ‘ಹೋದ್ರೆ ವಾಪಸ್ ಬಿಡಲ್ಲ. ಇನ್ನು ಹನ್ನೊಂದು ದಿನ ತಾನೇ, ಹೊರಗೆ ಹೋಗಿ ಇವಳನ್ನ ಎಲ್ಲಿಡ್ಲಿ?’ ಎಂದ. ಅಜ್ಜಿ ಅತ್ತಳು, ಬೈದಳು, ಅವನ ಬೆರಳು ಬಿಡಿಸಲು ನೋಡಿದಳು. ಹನ್ನೊಂದು ಗಂಟೆಗೆ ಬೆರಳು ತಾನಾಗಿಯೇ ಸಡಿಲವಾಯಿತು.

ಆಂಬುಲೆನ್ಸು ಗೇಟಿಗೆ ಬಂತು. ಹೆಣ ಹೊರಟಿತು. ಅಜ್ಜಿ ಅದರ ಹಿಂದೆಯೇ ಗೇಟಿನವರೆಗೆ ನಡೆದಳು.

‘ಹೋಗಿ ಬರಬಹುದಾ ಸ್ವಾಮಿ? ಮಣ್ಣು ಮಾಡಿ ಬಂದುಬಿಡ್ತೀನಿ.’

ಸಬ್ ಇನ್ಸ್‌ಪೆಕ್ಟರ್ ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡಿದ್ದ. ಅವಳ ಮುಖ ನೋಡಲಿಲ್ಲ. ‘ಹೋಗಬಹುದು ತಾಯಿ. ವಾಪಸ್ ಬಿಡೋಕೆ ನಂಗೆ ಆರ್ಡರ್ ಇಲ್ಲ.’

ಅಜ್ಜಿ ಗೇಟಿನ ಒಳಗೇ ನಿಂತಳು. ಗಾಡಿ ತಿರುವಿನಲ್ಲಿ ಮರೆಯಾಗುವವರೆಗೂ ನಿಂತು, ಆಮೇಲೆ ಒಬ್ಬಳೇ ಮೆಟ್ಟಿಲು ಹತ್ತಿ ಒಂಬತ್ತನೇ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡಳು. ಮುದುಕನ ತಮ್ಮ ಊರಿನಲ್ಲಿದ್ದ, ಮುಂದಿನದನ್ನೆಲ್ಲ ಅವನು ಮಾಡಿದ. ಆ ಒಂದು ಕೋಣೆಗಾಗಿ ಅವಳು ಏನು ಬಿಟ್ಟಳು ಎಂಬುದನ್ನು ಆ ಕಟ್ಟಡದಲ್ಲಿ ಕಾಣದವರು ಯಾರೂ ಇರಲಿಲ್ಲ.

ಇಪ್ಪತ್ತೆರಡನೇ ದಿನ ಟಪಾಲಕ್ಕ ಒಂಬತ್ತನೇ ಬಾಗಿಲು ತಟ್ಟಿದಾಗ ನಾನು ಅಜ್ಜಿಯ ಪಕ್ಕದಲ್ಲೇ ಇದ್ದೆ. ಅವಳ ಕೈಯಲ್ಲಿದ್ದ ಲಕೋಟೆಯ ಮೇಲೆ ದುಂಡಗಿನ, ನೆರಳು ಕೊಟ್ಟ ಅಕ್ಷರ. ಬೋರ್ಡಜ್ಜ ಮೊದಲ ಸಂಜೆ ತನಗೆ ತಾನೇ ಬರೆದುಕೊಂಡಿದ್ದ ಕಾಗದ. ಕೋಣೆ ಅವನ ಹೆಸರಿನಲ್ಲಿತ್ತು. ವಕೀಲಮ್ಮನಾಗಲಿ ನಾವಾಗಲಿ ಹೆಸರು ಬದಲಿಸುವ ಯೋಚನೆಯನ್ನೇ ಮಾಡಿರಲಿಲ್ಲ.

‘ಅಜ್ಜಿ, ತೀರಿಕೊಂಡವರ ಟಪಾಲು ನಾನು ಕೊಡೋ ಹಾಗಿಲ್ಲ,’ ಎಂದಳು ಟಪಾಲಕ್ಕ. ‘ವಾಪಸ್ ಕಳಿಸ್ಬೇಕು.’

ಅಜ್ಜಿ ಕೈಚಾಚಿ ಲಕೋಟೆ ತೆಗೆದುಕೊಂಡು ಅಕ್ಷರದ ಮೇಲೆ ಹೆಬ್ಬೆರಳು ಆಡಿಸಿದಳು. ಆಮೇಲೆ ಟಪಾಲಕ್ಕನ ಕೈಯಿಂದಲೇ ಪೆನ್ನು ತೆಗೆದುಕೊಂಡು, ಪುಸ್ತಕದಲ್ಲಿ, ನಿಧಾನವಾಗಿ, ಗಂಡನ ಹೆಸರು ಬರೆದಳು. ಅವನು ಬರೆಯುತ್ತಿದ್ದಂತೆಯೇ ಕೊನೆಯ ಅಕ್ಷರಕ್ಕೆ ಒಂದು ಬಾಲ ಎಳೆದಳು.

ಟಪಾಲಕ್ಕ ಆ ಸಹಿಯನ್ನು ನೋಡಿದಳು. ಪುಸ್ತಕ ಮುಚ್ಚಿದಳು. ಹೋದಳು.

ಇಪ್ಪತ್ತೇಳನೇ ದಿನ ಅಂಚೆ ಕಚೇರಿಗೆ ಮೇಲಿನ ಅಧಿಕಾರಿಯೊಬ್ಬ ಬಂದು, ನಾಳೆಯಿಂದ ಹಾಸ್ಟೆಲಿನ ಟಪಾಲಿಗೆಲ್ಲ ‘ವಿಳಾಸವಿಲ್ಲ’ ಎಂದು ಬರೆಯಬೇಕು ಎಂದ. ಬರವಣಿಗೆಯಲ್ಲಿ ಕೊಡಿ ಎಂದಳು. ಕೊಡಲಿಲ್ಲ, ಬದಲಿಗೆ ಇಪ್ಪತ್ತೊಂಬತ್ತನೇ ದಿನ ವರ್ಗಾವಣೆಯ ಕಾಗದ ಕೊಟ್ಟರು. ಊರಾಚೆಯ ಟಪಾಲು ವಿಂಗಡಿಸುವ ಕಚೇರಿಗೆ, ಕೂಡಲೇ ಜಾರಿಗೆ ಬರುವಂತೆ. ನಮ್ಮ ಕೊನೆಯ, ಮೂವತ್ತನೇ ದಿನದ ಟಪಾಲು ಬೇರೆಯವನ ಚೀಲಕ್ಕೆ ಬಿತ್ತು.

ಮೂವತ್ತನೇ ದಿನ ಹತ್ತು ಗಂಟೆಯಾದರೂ ಬೂಟಿನ ಸದ್ದಿಲ್ಲ. ಹತ್ತೂವರೆ. ವ್ಯಾನಿನ ಹತ್ತಿರ ಕಂಪನಿಯ ಮ್ಯಾನೇಜರು ಬಂದು ನಿಂತಿದ್ದ, ಆಗಾಗ ಗಡಿಯಾರ ನೋಡುತ್ತಿದ್ದ. ಹನ್ನೊಂದರ ಸುಮಾರಿಗೆ ಬೀದಿಯ ತಿರುವಿನಲ್ಲಿ ಇಬ್ಬರು ಕಂಡರು. ಮುಂದೆ ಬೋಳುತಲೆಯ, ದಪ್ಪಗಿನ ಪೋಸ್ಟ್‌ಮ್ಯಾನ್, ಬೆವರು ಒರೆಸಿಕೊಳ್ಳುತ್ತ. ಹಿಂದೆ ಸಾದಾ ಬಟ್ಟೆಯಲ್ಲಿ, ಬೂಟಿಲ್ಲದೆ ಚಪ್ಪಲಿ ಮೆಟ್ಟಿಕೊಂಡು, ಟಪಾಲಕ್ಕ.

‘ನಿನಗೆ ವರ್ಗ ಆಯ್ತಲ್ಲ?’ ಎಂದ ಸಬ್ ಇನ್ಸ್‌ಪೆಕ್ಟರ್.

‘ಆಗಿದೆ ಸಾರ್. ಹೊಸಬರಿಗೆ ಹಳಬರು ಒಂದು ದಿನ ಜೊತೆಗೆ ಬಂದು ಬೀದಿ ತೋರಿಸ್ಬೇಕು ಅಂತ ರೂಲಿದೆ. ತೋರಿಸೋಕೆ ಬಂದೆ.’

ಸಬ್ ಇನ್ಸ್‌ಪೆಕ್ಟರ್ ಮ್ಯಾನೇಜರನ ಕಡೆ ನೋಡಿದ. ಮ್ಯಾನೇಜರ್ ತಲೆ ಅಡ್ಡಡ್ಡ ಆಡಿಸಿದ. ಆಗ ಸಬ್ ಇನ್ಸ್‌ಪೆಕ್ಟರ್ ಅದೇಕೋ ಸಿಟ್ಟಿಗೆದ್ದು, ‘ನನಗೆ ಆರ್ಡರ್ ಕೊಡೋರು ನೀವಲ್ಲ,’ ಎಂದು ಅವನಿಗೇ ಗದರಿ ದಾರಿ ಬಿಟ್ಟ.

ಹೊಸಬ ಪ್ರತಿ ಬಾಗಿಲಲ್ಲೂ, ‘ಅಕ್ಕಾ, ನನಗೆ ಮೂರು ಮಕ್ಕಳು ಕಣಕ್ಕಾ,’ ಎನ್ನುತ್ತಿದ್ದ. ಅವಳು, ‘ಗೊತ್ತಪ್ಪ, ಮುಂದಿನ ಬಾಗಿಲು ತಟ್ಟು,’ ಎನ್ನುತ್ತಿದ್ದಳು. ಒಂಬತ್ತನೇ ಕೋಣೆಯ ಕಾಗದದ ಮೇಲೆ ‘ಮೃತರು’ ಎಂದು ಬರೆಯಲು ಅವಳೇ ಹೇಳಿದಳು. ಅಜ್ಜಿಯ ಎದುರಿಗೇ. ಉಳಿದ ಮೂವತ್ತೇಳು ಸಹಿ ಬಿದ್ದವು.

ಮೂವತ್ತಮೂರನೇ ದಿನ ಕೋರ್ಟು. ವಿಚಾರಣೆಗೆ ಹೋದವರನ್ನು ವಾಪಸ್ ಒಳಗೆ ಬಿಡಬೇಕೆಂದು ವಕೀಲಮ್ಮ ಮೊದಲೇ ಕೋರ್ಟಿನಿಂದ ಆರ್ಡರ್ ತಂದಿದ್ದರು. ಹೊರಗಿನ ಬೆಂಚಿನ ಮೇಲೆ ವಕೀಲಮ್ಮ ಟಪಾಲಕ್ಕನ ಪಕ್ಕ ಕೂತು ತಗ್ಗಿದ ದನಿಯಲ್ಲಿ ಹೇಳುತ್ತಿದ್ದರು: ‘ಒಂಬತ್ತನೇ ಕೋಣೆ ಬಗ್ಗೆ ಕೇಳಿದ್ರೆ ನೆನಪಿಲ್ಲ ಅನ್ನಿ. ಸುಳ್ಳಲ್ಲ ಅದು, ದಿನಕ್ಕೆ ನೂರು ಸಹಿ ನೋಡ್ತೀರಿ.’ ಟಪಾಲಕ್ಕ ಕೋಟಿನ ಗುಂಡಿ ತಿರುವುತ್ತಿದ್ದಳು.

ಕಂಪನಿಯ ವಕೀಲ ನಗುನಗುತ್ತಲೇ ಶುರುಮಾಡಿದ. ‘ಈ ಜನ ತಮಗೆ ತಾವೇ ಕಾಗದ ಬರ್ಕೊಂಡಿದ್ದು ನಿಮಗೆ ಗೊತ್ತಿತ್ತು ಅಲ್ವಾ?’

‘ಒಳಗೆ ಏನಿದೆ, ಯಾರು ಬರೆದ್ರು ಅಂತ ನೋಡೋದು ನನ್ನ ಕೆಲಸ ಅಲ್ಲ ಸಾರ್. ವಿಳಾಸ ಇದೆಯಾ, ಆ ಮನುಷ್ಯ ಅಲ್ಲಿದ್ದಾನಾ, ಅಷ್ಟೇ.’

‘ಓಹೋ. ಆ ಮನುಷ್ಯ ಅಲ್ಲಿದ್ದಾನಾ!’ ಅವನು ಕಾಯುತ್ತಿದ್ದುದೇ ಅದಕ್ಕೆ. ಪುಸ್ತಕ ಅವಳ ಮುಂದಿಟ್ಟ. ‘ಇಪ್ಪತ್ತೆರಡನೇ ದಿನ, ಒಂಬತ್ತನೇ ಕೋಣೆ. ಈ ಸಹಿ ಯಾರದು?’

ನನ್ನ ಪಕ್ಕದಲ್ಲಿ ಕೂತಿದ್ದ ಅಜ್ಜಿ ನನ್ನ ಮುಂಗೈ ಹಿಡಿದಳು. ಆ ಹಿಡಿತದ ನೋವು ಈಗಲೂ ನೆನಪಿದೆ. ಸತ್ತವನ ಹೆಸರಿನ ಸಹಿಯನ್ನು ಅವಳು ಗೊತ್ತಿದ್ದೇ ಪಡೆದಳೆಂದು ಅವನು ಸಾಬೀತು ಮಾಡಿದರೆ ಇಡೀ ಪುಸ್ತಕವೇ ಸುಳ್ಳಿನ ಕಂತೆ ಎನ್ನುತ್ತಾನೆ. ಅವಳು ನೆನಪಿಲ್ಲ ಎಂದರೆ, ಗೊತ್ತಿದ್ದೇ ಪಡೆದಳು ಎನ್ನಲು ಅವನ ಬಳಿ ಬೇರೆ ಸಾಕ್ಷಿಯಿಲ್ಲ.

ಟಪಾಲಕ್ಕ ಪುಸ್ತಕವನ್ನು ತನ್ನ ಕಡೆ ಎಳೆದುಕೊಂಡಳು.

‘ಅವರ ಹೆಂಡತೀದು ಸಾರ್. ಅವರು ಅದಕ್ಕೆ ಮೂರು ದಿನ ಮುಂಚೆ ತೀರಿಕೊಂಡಿದ್ರು. ನನಗೆ ಗೊತ್ತಿತ್ತು. ವಾಪಸ್ ಕಳಿಸ್ಬೇಕಿತ್ತು, ಕಳಿಸ್ಲಿಲ್ಲ. ತಪ್ಪು ನನ್ನದು, ಆ ಅಜ್ಜೀದಲ್ಲ.’

ಕೋರ್ಟಿನೊಳಗೆ ಗುಜುಗುಜು ಎದ್ದಿತು. ವಕೀಲ, ‘ಹಾಗಾದರೆ ಉಳಿದ ಸಹಿಗಳೂ ಹೀಗೇ ತಾನೇ?’ ಎಂದು ದನಿಯೇರಿಸಿದ.

‘ಇಲ್ಲ ಸಾರ್. ಉಳಿದವು ಒಂದೊಂದೂ ನನ್ನ ಕಣ್ಣೆದುರಿಗೆ, ಅವರವರ ಕೈಯಲ್ಲೇ ಬಿದ್ದವು. ಇದೊಂದೇ.’

ಎರಡು ದಿನ ಕಾದೆವು. ಮೂವತ್ತೇಳು ಕೋಣೆಯವರ ವಾಸ ಸಾಬೀತಾಗಿದೆ, ಪೂರ್ತಿ ಕೇಸು ನಡೆಯದೆ ಅವರನ್ನು ಎಬ್ಬಿಸುವಂತಿಲ್ಲ, ಗೇಟಿನ ಪಹರೆ ತೆಗೆಯಬೇಕು ಎಂದು ತೀರ್ಪು ಬಂತು. ತನಗೇ ಕೆಡುಕಾಗುವುದನ್ನು ಒಪ್ಪಿಕೊಂಡ ಸಾಕ್ಷಿಯ ಉಳಿದ ಮಾತನ್ನು ನಂಬಬಹುದು ಎಂದು ಅದರಲ್ಲಿ ಬರೆದಿತ್ತು. ಒಂಬತ್ತನೇ ಕೋಣೆಗೆ ಮಾತ್ರ ವಾಸ ಸಾಬೀತಾಗಿಲ್ಲ. ಬೀದಿಯಲ್ಲಿ ಜನ ಕುಣಿಯುತ್ತಿದ್ದಾಗ ಅಜ್ಜಿ ಗಂಡನ ಕುಂಚಗಳನ್ನು ಒಂದು ಡಬ್ಬಿಗೆ ತುಂಬುತ್ತಿದ್ದಳು. ನಾವು ಅವಳ ಮಂಚವನ್ನು ಎತ್ತಿ ನಮ್ಮ ಕೋಣೆಗೆ ತಂದೆವು. ಹೊಲಿಗೆ ಮೆಷಿನ್ನು ಪಡಸಾಲೆಗೆ ಬಂತು. ಕಂಪನಿಯವರು ಒಂಬತ್ತರ ಬಾಗಿಲಿಗೆ ಬೀಗ ಜಡಿದು ಹೋದರು.

ಕೋರ್ಟಿನಲ್ಲಿ ಆಡಿದ ಅದೇ ಮಾತನ್ನು ಹಿಡಿದು ಅಂಚೆ ಇಲಾಖೆ ಟಪಾಲಕ್ಕನನ್ನು ಕೆಲಸದಿಂದ ಅಮಾನತು ಮಾಡಿತು. ಹದಿನೈದು ದಿನದಲ್ಲಿ ಕ್ವಾರ್ಟರ್ಸ್ ಬಿಡಬೇಕಾಯಿತು. ನಾವು ಹತ್ತು ಜನ ಹೋಗಿ, ಕೆಳಗಿನ ಸಾಮಾನು ಕೋಣೆ ಖಾಲಿ ಮಾಡಿಕೊಡುತ್ತೇವೆ, ಬನ್ನಿ ಎಂದು ಕೇಳಿಕೊಂಡೆವು. ಗಂಡ ಅವಳ ಮುಖ ನೋಡಿದ. ಅವಳು ಬೇಡವೆಂದಳು. ‘ಅಪೀಲು ಹಾಕಿದ್ದಾರೆ. ನಾನು ಅಲ್ಲಿ ಬಂದು ಕೂತ್ರೆ, ಕೋಣೆಗೋಸ್ಕರ ಸಾಕ್ಷಿ ಹೇಳಿದ್ಲು ಅಂತಾರೆ. ನಿಮ್ಮ ಮೂವತ್ತೇಳೂ ಹೋಗುತ್ತೆ.’ ಅತ್ತೆಯನ್ನು ಕುರ್ಚಿಯಲ್ಲಿ ಕೂರಿಸಿ ನಾಲ್ವರು ಹೊತ್ತು, ಒಂದು ಹಿಟ್ಟಿನ ಗಿರಣಿಯ ಮೇಲಿನ ಕೋಣೆಗೆ ಸಾಗಿಸಿದೆವು. ಮೆಟ್ಟಿಲು ಹತ್ತುವಾಗ ಮುದುಕಿ, ‘ನಿಧಾನ ಕಣ್ರಪ್ಪಾ, ನನಗೂ ಅರಗಿನ ಮುದ್ರೆ ಒತ್ತಿದೆ,’ ಎಂದಳು. ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ಹದಿನಾಲ್ಕು ತಿಂಗಳ ಮೇಲೆ ಅವಳನ್ನು ಮತ್ತೆ ಕೆಲಸಕ್ಕೆ ತೆಗೆದುಕೊಂಡರು, ಆದರೆ ವಿಂಗಡಿಸುವ ಕಚೇರಿಯ ಒಳಗಡೆ. ಬೀದಿ ಮತ್ತೆ ಸಿಗಲಿಲ್ಲ. ಅಪೀಲಿನಲ್ಲೂ ನಾವೇ ಗೆದ್ದೆವು. ನಾಲ್ಕನೇ ವರ್ಷ ನಗರಸಭೆ ಆ ಕಟ್ಟಡವನ್ನು ಕಂಪನಿಯಿಂದ ಕೊಂಡು, ಕೋರ್ಟಿನ ಪಟ್ಟಿಯಲ್ಲಿದ್ದವರಿಗೆಲ್ಲ ಬಾಡಿಗೆ ಚೀಟಿ ಕೊಟ್ಟಿತು. ಅಜ್ಜಿಯ ಹೆಸರು ಪಟ್ಟಿಯಲ್ಲಿರಲಿಲ್ಲ.

ಅಷ್ಟು ವರ್ಷವೂ ಅಜ್ಜಿ ಟಪಾಲಕ್ಕನೊಡನೆ ಮಾತು ಬಿಟ್ಟಿದ್ದಳು. ಅವಳು ನಮ್ಮ ಕೋಣೆಗೆ ಬಂದರೆ ಗೋಡೆಯ ಕಡೆ ತಿರುಗಿ ಮಲಗುತ್ತಿದ್ದಳು. ಆದರೂ ಚೀಟಿ ಹಂಚಿದ ಮರುವಾರವೇ ಟಪಾಲಕ್ಕ ಬಂದು, ‘ಅಜ್ಜಿ, ಗುರುವಾರ ನನಗೆ ರಜೆ. ನಗರಸಭೆಗೆ ಹೋಗೋಣ, ಹೊರಡಿ,’ ಎಂದಳು. ಐದು ತಿಂಗಳು, ಪ್ರತಿ ಗುರುವಾರ, ಇಬ್ಬರೂ ಒಂದೇ ಬೆಂಚಿನ ಎರಡು ತುದಿಯಲ್ಲಿ ಕೂತು ಕಾದರು. ಅರ್ಜಿ ಬರೆಯುವುದು, ಗುಮಾಸ್ತರ ಹಿಂದೆ ಬೀಳುವುದು ಎಲ್ಲ ಟಪಾಲಕ್ಕ. ಅಜ್ಜಿ ತುಟಿ ಬಿಚ್ಚಲಿಲ್ಲ. ಕೊನೆಗೆ ಕೆಳ ಅಂತಸ್ತಿನಲ್ಲಿ, ಮೆಟ್ಟಿಲ ಕೆಳಗಿನ ಒಂದು ಕಿರುಕೋಣೆ ಅವಳ ಸ್ವಂತ ಹೆಸರಿಗೆ ಮಂಜೂರಾಯಿತು.

ಆ ಕೋಣೆಯಲ್ಲಿ ಮೊದಲ ದಿನ ಟೀ ಕಾಯಿಸಿ, ನಮ್ಮಿಬ್ಬರ ಮುಂದೆಯೂ ಲೋಟವಿಟ್ಟು, ಅಜ್ಜಿ ನೇರವಾಗಿ ಕೇಳಿದಳು:

‘ಅವತ್ತು ನೆನಪಿಲ್ಲ ಅಂದಿದ್ರೆ ನಿನ್ನ ಗಂಟೇನು ಹೋಗ್ತಿತ್ತೇ?’

‘ಏನೂ ಹೋಗ್ತಿರಲಿಲ್ಲ ಅಜ್ಜಿ. ನಿಮ್ಮ ಕೋಣೇನೂ ಉಳೀತಿತ್ತೇನೋ, ನನ್ನ ಮನೇನೂ ಉಳೀತಿತ್ತು.’

‘ಮತ್ಯಾಕೆ ಬಾಯಿ ಬಿಟ್ಟೆ?’

‘ಉಳಿದ ಸಹಿಯೆಲ್ಲ ನಿಜ ಅಂತ ಅದೇ ಬಾಯಲ್ಲಿ ಹೇಳ್ಬೇ‍ಕಿತ್ತಲ್ಲ.’

ಅಜ್ಜಿ ಒಪ್ಪಿದಳೋ ಇಲ್ಲವೋ ನನಗೆ ಇಂದಿಗೂ ಗೊತ್ತಿಲ್ಲ. ‘ಟೀ ಆರ್ತಿದೆ,’ ಎಂದಳು.

ಅಜ್ಜಿ ಅಲ್ಲಿ ಆರು ವರ್ಷ ಇದ್ದು ತೀರಿಕೊಂಡಳು. ನಾನೂ ತಂಗಿಯೂ ಈಗಲೂ ಹತ್ತನೇ ಕೋಣೆಯಲ್ಲೇ ಇದ್ದೇವೆ. ಟಪಾಲಕ್ಕ ಹೋದ ವರ್ಷ ನಿವೃತ್ತಳಾದಳು. ಹಾಸ್ಟೆಲಿಗೆ ಬಂದುಬಿಡಿ ಎಂದು ಮತ್ತೊಮ್ಮೆ ಕೇಳಿ ನೋಡಿದೆ. ಗಿರಣಿಯ ಸದ್ದು ನಿಂತರೆ ತೊಂಬತ್ತು ದಾಟಿದ ಅತ್ತೆಗೆ ಈಗ ನಿದ್ದೆ ಬರುವುದಿಲ್ಲವಂತೆ.